ಕೊನೆಯ ಅಂಕಿಯ ಹೊಣೆ

ಮಳೆಗಾಲ ಮುಗಿಯುತ್ತಿದ್ದಂತೆ ಕರಾವಳಿಯ ಪತ್ರಿಕೆಗಳಲ್ಲಿ ಒಂದು ಬಗೆಯ ಸುದ್ದಿ ತಪ್ಪದೆ ಕಾಣಿಸಿಕೊಳ್ಳುತ್ತದೆ. ಇಷ್ಟು ಮನೆಗಳಿಗೆ ಹಾನಿ, ಇಷ್ಟು ಹೆಕ್ಟೇರ್ ಬೆಳೆ ಜಲಾವೃತ, ಇಷ್ಟು ಕಿಲೋಮೀಟರ್ ರಸ್ತೆ ಹಾಳು. ಒಟ್ಟು ನಷ್ಟ ಇಷ್ಟು ಕೋಟಿ ರೂಪಾಯಿ. ಈ ಒಟ್ಟು ಮೊತ್ತದಲ್ಲಿ ದಶಮಾಂಶ ಬಿಂದುವಿನ ನಂತರ ಎರಡು, ಕೆಲವೊಮ್ಮೆ ಮೂರು ಅಥವಾ ನಾಲ್ಕು ಅಂಕಿಗಳಿರುತ್ತವೆ. ಉದಾಹರಣೆಗೆ 37.4286 ಕೋಟಿ ಎಂದಿದೆ ಎನ್ನೋಣ. ಕೋಟಿಯ ಲೆಕ್ಕದಲ್ಲಿ ನಾಲ್ಕನೆಯ ದಶಮಾಂಶ ಸ್ಥಾನವೆಂದರೆ ಒಂದು ಸಾವಿರ ರೂಪಾಯಿ. ಅಂದರೆ ಒಂದು ಜಿಲ್ಲೆಯ ಪ್ರಕೃತಿ ವಿಕೋಪದ ನಷ್ಟ ತಮಗೆ ಸಾವಿರ ರೂಪಾಯಿಯ ಮಟ್ಟಿಗೆ ನಿಖರವಾಗಿ ತಿಳಿದಿದೆ ಎಂದು ಆ ಸಂಖ್ಯೆ ಸಾರುತ್ತಿದೆ. ಅದು ಸಾಧ್ಯವೆ?

ಆಡಳಿತ ಸೇವೆಯಲ್ಲಿ ಕಳೆದ ಮೂರು ದಶಕಗಳಲ್ಲಿ ಇಂಥ ಪಟ್ಟಿಗಳು ರೂಪುಗೊಳ್ಳುವ ಬಗೆಯನ್ನು ನಾನು ಹತ್ತಿರದಿಂದ ಕಂಡಿದ್ದೇನೆ. ಅಂದಿನ ಗ್ರಾಮ ಲೆಕ್ಕಿಗರು, ಇಂದಿನ ಗ್ರಾಮ ಆಡಳಿತಾಧಿಕಾರಿಗಳು, ಕುಸಿದ ಗೋಡೆಯ ಮುಂದೆ ನಿಂತು ಕಣ್ಣಳತೆಯಲ್ಲಿ ಒಂದು ಮೊತ್ತ ಬರೆದುಕೊಳ್ಳುತ್ತಾರೆ. ಅದು ಹತ್ತು ಸಾವಿರವೋ ಹದಿನೈದು ಸಾವಿರವೋ ಆಗಿರುತ್ತದೆ. ರಸ್ತೆಯ ನಷ್ಟವನ್ನು ಎಂಜಿನಿಯರರು ದುರಸ್ತಿ ದರಪಟ್ಟಿಯಿಂದ ಗುಣಿಸಿ ಪೈಸೆಯವರೆಗೆ ಕೊಡುತ್ತಾರೆ. ತಾಲ್ಲೂಕು ಕಚೇರಿಯಲ್ಲಿ ಇವೆರಡನ್ನೂ ಕೂಡಿಸುತ್ತಾರೆ. ಜಿಲ್ಲಾ ಕೇಂದ್ರ ದಾಟಿ ವಿಧಾನಸೌಧ ತಲುಪುವ ಹೊತ್ತಿಗೆ ಕಣ್ಣಳತೆಯ ಮೊತ್ತಗಳೆಲ್ಲ ಪೈಸೆಯ ಬಾಲ ಹಚ್ಚಿಕೊಂಡು ಗಂಭೀರವಾಗಿ ಕುಳಿತಿರುತ್ತವೆ. ಯಾರೂ ಸುಳ್ಳು ಹೇಳಿರುವುದಿಲ್ಲ. ಆದರೂ ಅಂತಿಮ ಸಂಖ್ಯೆ ತನಗೆ ತಿಳಿದುದಕ್ಕಿಂತ ಹೆಚ್ಚನ್ನು ಹೇಳುತ್ತಿರುತ್ತದೆ.

ವಿಜ್ಞಾನದ ವಿದ್ಯಾರ್ಥಿಗಳಿಗೆ ಈ ದೋಷ ಹೊಸತಲ್ಲ. ಪದವಿಪೂರ್ವ ತರಗತಿಯ ಭೌತಶಾಸ್ತ್ರದ ಮೊದಲ ಪಾಠಗಳಲ್ಲೇ ‘ಸಾರ್ಥಕ ಅಂಕಿ’ಗಳ ವಿಚಾರ ಬರುತ್ತದೆ. ಅಳತೆಯಿಂದ ನಿಜವಾಗಿ ತಿಳಿದುಬಂದ ಅಂಕಿಗಳನ್ನು ಮಾತ್ರ ಉಳಿಸಿಕೊಂಡು, ಉಳಿದವನ್ನು ಸಮೀಪದ ಬೆಲೆಗೆ ದುಂಡಾಗಿಸಬೇಕು ಎಂಬುದು ಅದರ ಸಾರ. ಮಣಿಪಾಲದಂಥ ವಿದ್ಯಾಕೇಂದ್ರದ ಪ್ರಯೋಗಾಲಯಗಳಲ್ಲಿ ಮಿಲಿಮೀಟರ್ ಪಟ್ಟಿಯಿಂದ ಅಳೆದ ಉದ್ದವನ್ನು ಕ್ಯಾಲ್ಕುಲೇಟರ್ ತೋರಿಸಿದ ಹತ್ತು ಅಂಕಿಗಳಲ್ಲಿ ಬರೆದು ತಂದರೆ ಅಧ್ಯಾಪಕರು ಕೆಂಪು ಶಾಯಿಯಲ್ಲಿ ಗೆರೆ ಎಳೆಯುತ್ತಾರೆ. ಅದೇ ವಿದ್ಯಾರ್ಥಿ ಮುಂದೆ ಅಧಿಕಾರಿಯೋ ಬ್ಯಾಂಕರನೋ ಪತ್ರಕರ್ತನೋ ಆದಾಗ ಆ ಕೆಂಪು ಗೆರೆ ಎಲ್ಲಿ ಮರೆಯಾಗುತ್ತದೆ ಎಂಬುದೇ ನನ್ನ ಪ್ರಶ್ನೆ.

ನಮ್ಮ ಸುತ್ತಲಿನ ಎರಡು ನಿದರ್ಶನಗಳನ್ನು ನೋಡೋಣ. ಕಾರ್ಕಳದ ಗೊಮ್ಮಟನನ್ನು ವೀರಪಾಂಡ್ಯನು 1432ರಲ್ಲಿ ಪ್ರತಿಷ್ಠಾಪಿಸಿದನು. ಮೂರ್ತಿಯ ಎತ್ತರ 42 ಅಡಿ ಎಂಬುದು ಪ್ರಚಲಿತವಾದ ಮಾತು. ಇದನ್ನು ಮೀಟರಿಗೆ ಪರಿವರ್ತಿಸಿದರೆ ಯಂತ್ರ 12.8016 ಎನ್ನುತ್ತದೆ. ಅಡಿಯ ಲೆಕ್ಕದಲ್ಲಿ ಹೇಳಿದ್ದ ಎತ್ತರವೊಂದು ಒಂದೇ ಗುಣಾಕಾರದಿಂದ ಮಿಲಿಮೀಟರಿನ ಹತ್ತನೇ ಒಂದು ಭಾಗದವರೆಗೆ ಸೂಕ್ಷ್ಮವಾಗಿಬಿಟ್ಟಿತು! ಕಾಪುವಿನ ಕಡಲ ಬಂಡೆಯ ಮೇಲೆ 1901ರಿಂದ ನಿಂತಿರುವ ದೀಪಸ್ತಂಭದ ಎತ್ತರ ಸುಮಾರು 27 ಮೀಟರ್. ಅದನ್ನು ಅಡಿಗೆ ತಂದು 88.5827 ಎಂದು ಬರೆದರೆ ‘ಸುಮಾರು’ ಎಂಬ ಪದ ಸದ್ದಿಲ್ಲದೆ ಬಿದ್ದುಹೋಗುತ್ತದೆ. 12.8 ಮೀಟರ್ ಮತ್ತು 89 ಅಡಿ ಎಂದಷ್ಟೇ ಹೇಳುವುದು ಸೋಮಾರಿತನವಲ್ಲ. ನಮಗೆ ಗೊತ್ತಿರುವುದು ಇಷ್ಟು ಎಂಬ ಪ್ರಾಮಾಣಿಕತೆ ಅದು.

ನಮ್ಮ ಹಿರಿಯರಿಗೆ ಈ ವಿವೇಕ ಭಾಷೆಯಲ್ಲೇ ಇತ್ತು. ‘ನಾಲ್ಕೈದು ಜನ’, ‘ಏಳೆಂಟು ಮೈಲಿ’, ‘ಹತ್ತು ಹದಿನೈದು ತೆಂಗಿನಕಾಯಿ’ ಎನ್ನುವಾಗ ಕನ್ನಡಿಗ ಒಂದು ಸಂಖ್ಯೆಯನ್ನು ಮಾತ್ರವಲ್ಲ, ಆ ಸಂಖ್ಯೆಯ ಅನಿಶ್ಚಯದ ಅಗಲವನ್ನೂ ಹೇಳುತ್ತಾನೆ. ‘ನಾಲ್ಕೈದು’ ಎಂದರೆ ಕಿರಿದಾದ ಸಂಶಯ, ‘ಹತ್ತಿಪ್ಪತ್ತು’ ಎಂದರೆ ವಿಶಾಲವಾದ ಸಂಶಯ. ಲಕ್ಷ, ಕೋಟಿಗಳ ಎಣಿಕೆಯಲ್ಲೂ ಇದೇ ಅನುಕೂಲವಿದೆ. 12,00,000 ಎಂದು ಬರೆದಾಗ ಅದರ ಐದು ಸೊನ್ನೆಗಳಲ್ಲಿ ಎಣಿಸಿ ಬಂದವು ಎಷ್ಟು, ಸುಮ್ಮನೆ ತುಂಬಿದವು ಎಷ್ಟು ಎಂದು ತಿಳಿಯುವುದಿಲ್ಲ. ‘12 ಲಕ್ಷ’ ಎಂದರೆ ಎರಡು ಅಂಕಿ ಮಾತ್ರ ಖಚಿತ; ‘12.0 ಲಕ್ಷ’ ಎಂದರೆ ಮೂರು. ಕಾಪು ತಾಲ್ಲೂಕಿನ ಶಂಕರಪುರದ ಮಲ್ಲಿಗೆ ವ್ಯಾಪಾರದಲ್ಲಿ ಒಂದು ಚೆಂಡಿಗೆ 800 ಹೂ, ನಾಲ್ಕು ಚೆಂಡಿಗೆ ಒಂದು ಅಟ್ಟೆ. ಲೆಕ್ಕದ ಪ್ರಕಾರ ಅಟ್ಟೆಗೆ 3,200 ಹೂ. ಎರಡು ಹೂ ಕಡಿಮೆಯಾಯಿತೆಂದು ಜಗಳಕ್ಕೆ ನಿಲ್ಲುವವರಿಲ್ಲ. 3,200 ಎಂಬುದರಲ್ಲಿ ಸೊನ್ನೆಗಳ ಬೆಲೆ ಎಷ್ಟು ಎಂಬುದು ಕಟ್ಟುವ ಹೆಂಗಸಿಗೂ ಗೊತ್ತು, ಕೊಳ್ಳುವವರಿಗೂ ಗೊತ್ತು.

ಹಾಗೆಂದು ಎಲ್ಲ ಸಂಖ್ಯೆಗಳನ್ನೂ ದುಂಡಾಗಿಸಬೇಕೆಂದು ನಾನು ವಾದಿಸುತ್ತಿಲ್ಲ. ಅಳೆದ ಸಂಖ್ಯೆ ಬೇರೆ, ಎಣಿಸಿದ ಸಂಖ್ಯೆ ಬೇರೆ. 2004ರ ವಿಧಾನಸಭಾ ಚುನಾವಣೆಯಲ್ಲಿ ಸಂತೇಮರಹಳ್ಳಿ ಕ್ಷೇತ್ರದ ಫಲಿತಾಂಶವನ್ನು ಓದುಗರು ಮರೆತಿರಲಾರರು. ಆರ್. ಧ್ರುವನಾರಾಯಣ ಅವರಿಗೆ 40,752 ಮತ, ಎ.ಆರ್. ಕೃಷ್ಣಮೂರ್ತಿ ಅವರಿಗೆ 40,751. ದುಂಡಾಗಿಸಿದರೆ ಇಬ್ಬರೂ ಸಮ. ಆದರೆ ಪ್ರಜಾಪ್ರಭುತ್ವ ಆ ಒಂದು ಮತವನ್ನು ಕೈಬಿಡಲಿಲ್ಲ, ಬಿಡಕೂಡದು. ಮತ ಎಣಿಕೆಯಲ್ಲಿ ಪ್ರತಿ ಅಂಕಿಯೂ ಸಾರ್ಥಕ.

ಜನಗಣತಿ ಈ ಎರಡರ ನಡುವೆ ನಿಲ್ಲುತ್ತದೆ. 2011ರ ಗಣತಿಯಂತೆ ಉಡುಪಿ ಜಿಲ್ಲೆಯ ಜನಸಂಖ್ಯೆ 11,77,361. ಮನೆಮನೆಗೆ ಹೋಗಿ ಎಣಿಸಿ ಬಂದ ಸಂಖ್ಯೆಯಾದ್ದರಿಂದ ದಾಖಲೆಯಲ್ಲಿ ಅದು ಹಾಗೆಯೇ ಇರಬೇಕು. ಆದರೆ ಅದು 2011ರ ಮಾರ್ಚ್ 1ರ ನಡುರಾತ್ರಿಯ ಚಿತ್ರ. ಮುಂಬಯಿಗೋ ಕೊಲ್ಲಿ ರಾಷ್ಟ್ರಗಳಿಗೋ ಹೋಗಿಬರುವವರೇ ಮನೆಗೊಬ್ಬರಿರುವ ನಮ್ಮಂಥ ಜಿಲ್ಲೆಯಲ್ಲಿ ಕೊನೆಯ ಮೂರು ಅಂಕಿಗಳು ವಾರದೊಳಗೆ ಬದಲಾಗಿರುತ್ತವೆ. 2021ರಲ್ಲಿ ನಡೆಯಬೇಕಾಗಿದ್ದ ಗಣತಿ ಮುಂದೂಡಲ್ಪಟ್ಟು, ಮುಂದಿನ ಗಣತಿಗೆ 2027ರ ಮಾರ್ಚ್ 1 ಅನ್ನು ಉಲ್ಲೇಖ ದಿನವಾಗಿ ಗೊತ್ತುಪಡಿಸಲಾಗಿದೆ. ಇಷ್ಟು ವರ್ಷಗಳ ಹಳೆಯ ಅಂಕಿಯನ್ನು ಭಾಷಣಗಳಲ್ಲಿ, ಯೋಜನಾ ವರದಿಗಳಲ್ಲಿ ‘ಹನ್ನೊಂದು ಲಕ್ಷದ ಎಪ್ಪತ್ತೇಳು ಸಾವಿರದ ಮುನ್ನೂರ ಅರುವತ್ತೊಂದು’ ಎಂದು ಒಪ್ಪಿಸುವುದರಲ್ಲಿ ಏನು ಅರ್ಥವಿದೆ? ‘2011ರಲ್ಲಿ 11.8 ಲಕ್ಷ’ ಎಂದರೆ ಸಾಕು. ವರ್ಷವನ್ನು ಹೇಳುವುದು ಮಾತ್ರ ಅಗತ್ಯ.

ಇದುವರೆಗಿನದು ಸಭ್ಯತೆಯ ವಿಚಾರ ಎನ್ನಬಹುದು. ಆದರೆ ಸಂಖ್ಯೆ ಒಬ್ಬನ ಜೇಬಿಗೆ ತಾಗಿದಾಗ ಅದು ನ್ಯಾಯದ ವಿಚಾರವಾಗುತ್ತದೆ. ಭತ್ತದ ಬೆಳೆ ವಿಮೆಯನ್ನೇ ತೆಗೆದುಕೊಳ್ಳಿ. ಪ್ರಧಾನಮಂತ್ರಿ ಫಸಲ್ ಬಿಮಾ ಯೋಜನೆಯಲ್ಲಿ ಗ್ರಾಮ ಪಂಚಾಯಿತಿಯ ಸರಾಸರಿ ಇಳುವರಿ, ಹಿಂದಿನ ವರ್ಷಗಳ ಆಧಾರದ ಮೇಲೆ ಗೊತ್ತುಪಡಿಸಿದ ಮಿತಿಗಿಂತ ಕಡಿಮೆಯಾದರೆ ಮಾತ್ರ ರೈತನಿಗೆ ಪರಿಹಾರ. ಎಷ್ಟು ಕಡಿಮೆ ಎಂಬುದನ್ನು ಮಿತಿ ಇಳುವರಿಯಿಂದ ಭಾಗಿಸಿ, ವಿಮಾ ಮೊತ್ತದಿಂದ ಗುಣಿಸಿದರೆ ಬರುವುದೇ ಅವನಿಗೆ ಸಲ್ಲುವ ಹಣ. ಇಳುವರಿಯನ್ನು ಕಂಡುಕೊಳ್ಳುವುದು ಬೆಳೆ ಕಟಾವು ಪ್ರಯೋಗದಿಂದ. ಆಯ್ದ ಗದ್ದೆಯಲ್ಲಿ ಐದು ಮೀಟರ್ ಉದ್ದ, ಐದು ಮೀಟರ್ ಅಗಲದ ತಾಕನ್ನು ಗುರುತಿಸಿ, ಕೊಯ್ದು, ಬಡಿದು, ತೂಗುತ್ತಾರೆ. ಹೆಕ್ಟೇರೆಂದರೆ ಇಂಥ 400 ತಾಕುಗಳು. ಆದ್ದರಿಂದ ತೂಕವನ್ನು 400ರಿಂದ ಗುಣಿಸಿದರೆ ಹೆಕ್ಟೇರಿನ ಇಳುವರಿ.

ಕಾರ್ಕಳದ ಕಡೆಯ ಒಂದು ಏಣೆಲು ಗದ್ದೆಯಲ್ಲಿ ತೂಕ 9.6 ಕಿಲೋ ಬಂದಿತೆಂದು ಊಹಿಸೋಣ. ಇಳುವರಿ ಹೆಕ್ಟೇರಿಗೆ 3,840 ಕಿಲೋ. ತಕ್ಕಡಿ ನೂರು ಗ್ರಾಮಿನ ಅಂತರವನ್ನಷ್ಟೇ ತೋರಿಸುವಂಥದ್ದಾದರೆ ನಿಜವಾದ ತೂಕ 9.55ರಿಂದ 9.65ರವರೆಗೆ ಎಲ್ಲಾದರೂ ಇರಬಹುದು. ಅಂದರೆ ಇಳುವರಿ 3,820ರಿಂದ 3,860ರವರೆಗೆ. ಇಷ್ಟು ವ್ಯತ್ಯಾಸ ನೂರಕ್ಕೆ ಒಂದರಷ್ಟು ಮಾತ್ರ, ದೊಡ್ಡದೇನಲ್ಲ. ಆದರೆ ಗೊತ್ತುಪಡಿಸಿದ ಮಿತಿ 3,900 ಆಗಿದ್ದರೆ? ಕೊರತೆ 60 ಕಿಲೋ ಎಂದು ಕಾಗದ ಹೇಳುತ್ತದೆ. ನಿಜವಾದ ಕೊರತೆ 40 ಇರಬಹುದು, 80 ಇರಬಹುದು. ವಿಮಾ ಮೊತ್ತ ಹೆಕ್ಟೇರಿಗೆ 60,000 ರೂಪಾಯಿ ಎಂದಿಟ್ಟುಕೊಂಡರೆ ಕಡತದಲ್ಲಿ ಪರಿಹಾರ 923.08 ರೂಪಾಯಿ ಎಂದು ಪೈಸೆಯವರೆಗೆ ದಾಖಲಾಗುತ್ತದೆ. ವಾಸ್ತವದಲ್ಲಿ ಅದು 615 ಆಗಿರಬಹುದಿತ್ತು, 1,231 ಆಗಿರಬಹುದಿತ್ತು. ಹತ್ತಿರ ಹತ್ತಿರದ ಎರಡು ಸಂಖ್ಯೆಗಳನ್ನು ಕಳೆದಾಗ ಮುಂದಿನ ಗಟ್ಟಿ ಅಂಕಿಗಳೆಲ್ಲ ಪರಸ್ಪರ ಹೊಡೆದುಹೋಗಿ, ಹಿಂದಿನ ಸಂಶಯದ ಅಂಕಿಗಳೇ ಉಳಿಯುತ್ತವೆ. ಸಾರ್ಥಕ ಅಂಕಿಗಳ ಪಾಠದಲ್ಲಿ ಅತ್ಯಂತ ಮುಖ್ಯವಾದದ್ದು ಇದು. ಆಡಳಿತದಲ್ಲಿ ಅತ್ಯಂತ ಕಡಿಮೆ ಗಮನ ಸಿಗುವುದೂ ಇದಕ್ಕೇ.

ತೂಕದ ದೋಷವಾದರೂ ಚಿಕ್ಕದು. ಮುಖ್ಯ ಬೆಳೆಗೆ ಒಂದು ಪಂಚಾಯಿತಿಯಲ್ಲಿ ನಾಲ್ಕು ಪ್ರಯೋಗಗಳು ನಡೆದರೆ ಕೊಯ್ದದ್ದು ಒಟ್ಟು ನೂರು ಚದರ ಮೀಟರ್. ಪಂಚಾಯಿತಿಯಲ್ಲಿ ನೂರು ಹೆಕ್ಟೇರ್ ಗದ್ದೆಯಿದ್ದರೆ ಅದು ಹತ್ತು ಸಾವಿರದಲ್ಲಿ ಒಂದು ಪಾಲು. ಬೈಲಿನ ಗದ್ದೆಗೂ ಮೇಲಿನ ಬೆಟ್ಟುಗದ್ದೆಗೂ ಫಸಲಿನಲ್ಲಿ ಎಷ್ಟು ಅಂತರವಿದೆ ಎಂದು ನಮ್ಮೂರಿನ ಯಾವ ಕೃಷಿಕರನ್ನು ಕೇಳಿದರೂ ಹೇಳುತ್ತಾರೆ. ಮಾದರಿಯ ಸಂಶಯ ತಕ್ಕಡಿಯ ಸಂಶಯಕ್ಕಿಂತ ಹಲವು ಪಟ್ಟು ದೊಡ್ಡದು. ಹೀಗಿದ್ದರೂ ಪೈಸೆಯವರೆಗಿನ ಉತ್ತರ ಕಂಡ ರೈತ, ‘ಕಂಪ್ಯೂಟರ್ ಲೆಕ್ಕ’ದ ಮುಂದೆ ಬಾಯಿ ಮುಚ್ಚಿಕೊಳ್ಳುತ್ತಾನೆ. ಅತಿಯಾದ ನಿಖರತೆಯ ನಿಜವಾದ ಅಪಾಯ ಇದೇ. ಅದು ಪ್ರಶ್ನೆಯನ್ನು ತಡೆಯುತ್ತದೆ. ‘ಸುಮಾರು’ ಎಂದಿದ್ದರೆ ಕೇಳಬಹುದಾಗಿದ್ದವನು ಎರಡು ದಶಮಾಂಶ ಕಂಡು ಸುಮ್ಮನಾಗುತ್ತಾನೆ.

ಪರಿಹಾರವೆಂದು ಲೆಕ್ಕದ ನಡುವೆ ದುಂಡಾಗಿಸಹೊರಟರೆ ಅನ್ಯಾಯ ಇನ್ನೂ ಹೆಚ್ಚು. ಮೇಲಿನ ಉದಾಹರಣೆಯಲ್ಲೇ 3,860 ಕಿಲೋ ಇಳುವರಿಯನ್ನು ಸಮೀಪದ ನೂರಕ್ಕೆ ತಂದರೆ 3,900 ಆಗುತ್ತದೆ; ಮಿತಿಯೂ 3,900; ಕೊರತೆ ಸೊನ್ನೆ, ಪರಿಹಾರವೂ ಸೊನ್ನೆ. ಹಂತಹಂತವಾಗಿ ದುಂಡಾಗಿಸುವುದೂ ಅಷ್ಟೇ ಮೋಸದ್ದು. 44.46 ಎಂಬುದನ್ನು ಮೊದಲು 44.5 ಮಾಡಿ, ಅನಂತರ 45 ಮಾಡಿದರೆ, ನೇರವಾಗಿ 44 ಆಗಬೇಕಾಗಿದ್ದ ಸಂಖ್ಯೆಗೆ ಎರಡು ಮೆಟ್ಟಿಲಲ್ಲಿ ಬಡ್ತಿ ಸಿಕ್ಕಂತಾಯಿತು. ಒಂದೊಂದು ಕಚೇರಿಯೂ ತನ್ನ ಪಾಲಿನ ಒಂದು ದಶಮಾಂಶ ಕತ್ತರಿಸಿ ಮೇಲಕ್ಕೆ ಕಳುಹಿಸುವ ನಮ್ಮ ವ್ಯವಸ್ಥೆಯಲ್ಲಿ ಇದು ಕಾಲ್ಪನಿಕ ಭಯವಲ್ಲ.

ಎಲ್ಲಿ ದುಂಡಾಗಿಸಬೇಕು, ಎಲ್ಲಿ ಕೂಡದು ಎಂಬ ಪ್ರಶ್ನೆ ಸುಪ್ರೀಂ ಕೋರ್ಟಿನವರೆಗೂ ಹೋಗಿದೆ. ಉತ್ತರ ಪ್ರದೇಶದ ನೇಮಕಾತಿಯೊಂದರಲ್ಲಿ 93 ಹುದ್ದೆಗಳಿದ್ದು, ಸಾಮಾನ್ಯ ವರ್ಗದ ಅರ್ಧ ಪಾಲು 46.5 ಎಂದಾಯಿತು. ಅರ್ಧ ಅಥವಾ ಅದಕ್ಕಿಂತ ಹೆಚ್ಚಿನ ಭಾಗವನ್ನು ಒಂದೆಂದು ಎಣಿಸುವುದು ತರ್ಕಕ್ಕೂ ಸಾಮಾನ್ಯ ಜ್ಞಾನಕ್ಕೂ ಒಪ್ಪುವ ಕ್ರಮ ಎಂದು 2005ರಲ್ಲಿ ನ್ಯಾಯಾಲಯ ಹೇಳಿತು. ಪಾಲು 47 ಆಯಿತು. ಆದರೆ ಒಡಿಶಾದ ನ್ಯಾಯಾಂಗ ಸೇವೆಯ ಪರೀಕ್ಷೆಯಲ್ಲಿ ಕನಿಷ್ಠ ಶೇ 45 ಬೇಕಾಗಿದ್ದಲ್ಲಿ ಶೇ 44.93 ಪಡೆದಿದ್ದ ಅಭ್ಯರ್ಥಿಯ ಅಂಕವನ್ನು ದುಂಡಾಗಿಸಲು 2011ರಲ್ಲಿ ಅದೇ ನ್ಯಾಯಾಲಯ ಒಪ್ಪಲಿಲ್ಲ. ಮೇಲ್ನೋಟಕ್ಕೆ ಇವು ಪರಸ್ಪರ ವಿರುದ್ಧ. ವಿಚಾರ ಮಾಡಿದರೆ ಹಾಗಲ್ಲ. ಅರ್ಧ ಹುದ್ದೆಗೆ ಅರ್ಧ ಮನುಷ್ಯನನ್ನು ನೇಮಿಸಲಾಗದು, ಆದ್ದರಿಂದ ಅಲ್ಲಿ ದುಂಡಾಗಿಸುವುದು ಅನಿವಾರ್ಯ. ಅರ್ಹತೆಯ ಗೆರೆಯಾದರೋ ಮೊದಲೇ ಎಳೆದದ್ದು. ನಿಯಮದಲ್ಲಿ ಹೇಳದೆ ಇದ್ದಾಗ 44.93ನ್ನು 45 ಮಾಡಿದರೆ ಗೆರೆಯನ್ನೇ 44.5ಕ್ಕೆ ಎಳೆದಂತೆ, ಆಗ 44.49 ಪಡೆದವನು ಏನು ತಪ್ಪು ಮಾಡಿದ?

ಇನ್ನು ಹಣದ ವಿಷಯ. 1906ರಲ್ಲಿ ಕಾರ್ಪೊರೇಷನ್ ಬ್ಯಾಂಕನ್ನೂ 1925ರಲ್ಲಿ ಸಿಂಡಿಕೇಟ್ ಬ್ಯಾಂಕನ್ನೂ ಕಂಡ ಊರು ಉಡುಪಿ. 2020ರ ಏಪ್ರಿಲ್ 1ರಂದು ಮೊದಲನೆಯದು ಯೂನಿಯನ್ ಬ್ಯಾಂಕಿನಲ್ಲಿ, ಎರಡನೆಯದು ಕೆನರಾ ಬ್ಯಾಂಕಿನಲ್ಲಿ ವಿಲೀನವಾಗಿ ಹೆಸರು ಅಳಿದರೂ 1928ರಲ್ಲಿ ಆರಂಭವಾದ ಪಿಗ್ಮಿ ಠೇವಣಿಯ ನೆನಪು ಮಾಸಿಲ್ಲ. ದಿನಕ್ಕೆ ಎರಡಾಣೆಯಂತೆ ಮನೆ ಬಾಗಿಲಲ್ಲಿ ಸಂಗ್ರಹಿಸಿದ ಹಣ ಕ್ರಮೇಣ ದೊಡ್ಡ ಮೊತ್ತವಾದದ್ದು ಈ ಮಣ್ಣಿನ ಜನರ ಅನುಭವ. ಸಣ್ಣದು ಸೇರುತ್ತಾ ಹೋದರೆ ದೊಡ್ಡದಾಗುತ್ತದೆ ಎಂಬ ಈ ನಿಯಮ ಉಳಿತಾಯಕ್ಕೆ ಹೇಗೋ ಸೋರಿಕೆಗೂ ಹಾಗೆಯೇ. ಕೆನಡಾದ ವ್ಯಾಂಕೂವರ್ ಷೇರುಪೇಟೆ 1982ರ ಜನವರಿಯಲ್ಲಿ 1,000 ಅಂಶಗಳಿಂದ ಒಂದು ಸೂಚ್ಯಂಕವನ್ನು ಆರಂಭಿಸಿತು. ಪ್ರತಿ ವಹಿವಾಟಿನ ನಂತರ ಲೆಕ್ಕ ಹಾಕುವಾಗ ಮೂರನೆಯ ದಶಮಾಂಶದಿಂದಾಚೆಗಿನದನ್ನು ದುಂಡಾಗಿಸುವ ಬದಲು ಕತ್ತರಿಸಿ ಎಸೆಯಲಾಗುತ್ತಿತ್ತು. ದಿನಕ್ಕೆ ಸಾವಿರಾರು ಸಲ ಹೀಗೆ ಕೆಳಮುಖವಾಗಿ ಕತ್ತರಿಸಿದ ಫಲವಾಗಿ 1983ರ ನವೆಂಬರ್ ವೇಳೆಗೆ ಸೂಚ್ಯಂಕ 520ರ ಆಸುಪಾಸಿಗೆ ಇಳಿದಿತ್ತು. ಸರಿಪಡಿಸಿ ನೋಡಿದಾಗ ಅದು 1,100ರ ಸಮೀಪ ಇರಬೇಕಾಗಿತ್ತು!

ಆದ್ದರಿಂದ ದುಂಡಾಗಿಸುವಾಗ ಯಾವ ದಿಕ್ಕಿಗೆ ಎಂಬುದೂ ಮುಖ್ಯ. ಬಡ್ಡಿಯ ಲೆಕ್ಕದಲ್ಲಿ 50 ಪೈಸೆ ಮತ್ತು ಅದಕ್ಕಿಂತ ಹೆಚ್ಚಾದರೆ ಮುಂದಿನ ರೂಪಾಯಿ, ಕಡಿಮೆಯಾದರೆ ಬಿಡುವುದು ಎಂಬ ರಿಸರ್ವ್ ಬ್ಯಾಂಕಿನ ನಿರ್ದೇಶನ ಠೇವಣಿಗೂ ಸಾಲಕ್ಕೂ ಒಂದೇ ಸಮನಾಗಿ ಅನ್ವಯಿಸುತ್ತದೆ. ಗ್ರಾಹಕನಿಗೆ ಕೊಡುವಾಗ ಕೆಳಕ್ಕೆ, ಅವನಿಂದ ತೆಗೆದುಕೊಳ್ಳುವಾಗ ಮೇಲಕ್ಕೆ ಎಂಬ ಪಕ್ಷಪಾತ ಅದರಲ್ಲಿಲ್ಲ. ಇಂಥ ಸಮದೃಷ್ಟಿ ನಮ್ಮ ದೇಶಕ್ಕೆ ಹೊಸದೇನೂ ಅಲ್ಲ. ಭಾರತೀಯ ಮಾನಕಗಳ ಪಟ್ಟಿಯಲ್ಲಿ ಮೊದಲ ಸಂಖ್ಯೆ ರಾಷ್ಟ್ರಧ್ವಜದ ನಿರ್ದಿಷ್ಟತೆಗೆ ಮೀಸಲು. ಎರಡನೆಯ ಸಂಖ್ಯೆ ಯಾವುದಕ್ಕೆ ಗೊತ್ತೆ? ಸಂಖ್ಯೆಗಳನ್ನು ದುಂಡಾಗಿಸುವ ನಿಯಮಗಳಿಗೆ. 1949ರಲ್ಲಿ ಪ್ರಕಟವಾಗಿ 1960ರಲ್ಲಿ ಪರಿಷ್ಕೃತವಾದ ಆ ಮಾನಕ, ಹಂತಹಂತವಾಗಿ ದುಂಡಾಗಿಸದೆ ಒಂದೇ ಹೆಜ್ಜೆಯಲ್ಲಿ ದುಂಡಾಗಿಸಬೇಕೆಂದು ಎಚ್ಚರಿಸುತ್ತದೆ. ಸರಿಯಾಗಿ ಅರ್ಧ ಬಂದಾಗ ಸಮಸಂಖ್ಯೆಯ ಕಡೆಗೆ ಹೋಗಬೇಕೆನ್ನುತ್ತದೆ: 2.5 ಎಂಬುದು 2, 3.5 ಎಂಬುದು 4. ಹೀಗೆ ಮಾಡಿದಾಗ ಸುಮಾರು ಅರ್ಧದಷ್ಟು ಸಲ ಮೇಲಕ್ಕೆ, ಅರ್ಧದಷ್ಟು ಸಲ ಕೆಳಕ್ಕೆ ಹೋಗಿ ಯಾರ ಕಡೆಗೂ ವಾಲುವುದಿಲ್ಲ. ಸ್ವಾತಂತ್ರ್ಯ ಬಂದ ಎರಡೇ ವರ್ಷಗಳಲ್ಲಿ ಈ ಸೂಕ್ಷ್ಮವನ್ನು ಯೋಚಿಸಿದವರಿದ್ದರು ಎಂಬುದು ಗೌರವದ ಸಂಗತಿ.

ಲೆಕ್ಕಪರಿಶೋಧಕರು ರೂಪಾಯಿ-ಪೈಸೆ ಕೇಳುವಾಗ ಅಧಿಕಾರಿ ‘ಸುಮಾರು’ ಎಂದು ಬರೆಯುವುದು ಹೇಗೆ ಎಂಬ ಆಕ್ಷೇಪ ನನಗೆ ತಿಳಿದಿದೆ. ಖರ್ಚಾದ ಹಣ ಎಣಿಸಿದ ಸಂಖ್ಯೆ. ಅದಕ್ಕೆ ಪೈಸೆಯವರೆಗೂ ಲೆಕ್ಕ ಬೇಕು. ಆಗಿರಬಹುದಾದ ನಷ್ಟ, ಬರಬಹುದಾದ ಇಳುವರಿ, ತಲಾ ಆದಾಯ ಇವೆಲ್ಲ ಅಂದಾಜುಗಳು. ಎರಡಕ್ಕೂ ಒಂದೇ ಅಂಗಿ ತೊಡಿಸುವುದೇ ತೊಂದರೆಯ ಮೂಲ. ಅಂದಾಜನ್ನು ಸಡಿಲಗೊಳಿಸಿದರೆ ಭ್ರಷ್ಟಾಚಾರಕ್ಕೆ ದಾರಿಯಾಗುತ್ತದೆ ಎಂಬ ಭಯವೂ ಇದೆ. ಆದರೆ ಕೈಚಳಕ ಅಡಗಿಕೊಳ್ಳಲು ದುಂಡು ಸಂಖ್ಯೆಗಿಂತ ನಾಲ್ಕು ದಶಮಾಂಶದ ಸಂಖ್ಯೆಯೇ ಹೆಚ್ಚು ಅನುಕೂಲ. ಅದನ್ನು ಯಾರೂ ಅನುಮಾನಿಸುವುದಿಲ್ಲ.

ಮಾಡಬೇಕಾದದ್ದು ಕಷ್ಟವಲ್ಲ. ಮೊದಲನೆಯದಾಗಿ, ಕ್ಷೇತ್ರದಲ್ಲಿ ಅಳೆದ ಮೂಲ ಅಂಕಿಗಳನ್ನು ಎಲ್ಲಿಯೂ ಕತ್ತರಿಸದೆ ಕಡತದಲ್ಲಿ ಉಳಿಸಬೇಕು. ದುಂಡಾಗಿಸುವುದು ಕೊನೆಯಲ್ಲಿ, ಒಂದೇ ಸಲ. ಎರಡನೆಯದಾಗಿ, ಸಾರ್ವಜನಿಕರ ಮುಂದಿಡುವ ಪ್ರತಿ ಅಂದಾಜಿನ ಜೊತೆ ಅದರ ಅಗಲವನ್ನೂ ಹೇಳಬೇಕು: ‘ನಷ್ಟ 35ರಿಂದ 40 ಕೋಟಿ’ ಎಂಬುದು 37.4286ಕ್ಕಿಂತ ಹೆಚ್ಚು ಸತ್ಯ. ಮೂರನೆಯದಾಗಿ, ಬೆಳೆ ವಿಮೆಯಲ್ಲಿ ತಾಕುಗಳ ತೂಕವನ್ನು ಪಂಚಾಯಿತಿ ಕಚೇರಿಯ ಫಲಕದಲ್ಲಿ ಪ್ರಕಟಿಸಬೇಕು. ಮಿತಿಯ ಸಮೀಪದಲ್ಲಿರುವ ಪ್ರಕರಣಗಳಲ್ಲಿ, ಸಂಶಯ ಕೊರತೆಯಷ್ಟೇ ದೊಡ್ಡದಿರುವಾಗ, ಅದರ ಲಾಭ ರೈತನಿಗೆ ಸಲ್ಲುವಂತೆ ನಿಯಮವನ್ನು ಮೊದಲೇ ಬರೆದಿಡಬೇಕು. ನಾಲ್ಕನೆಯದಾಗಿ, ಅಂಕ, ಅರ್ಹತೆ, ಮೀಸಲು ಇರುವಲ್ಲೆಲ್ಲ ದುಂಡಾಗಿಸಲಾಗುವುದೋ ಇಲ್ಲವೋ ಎಂಬುದನ್ನು ಅಧಿಸೂಚನೆಯಲ್ಲೇ ಒಂದು ಸಾಲಿನಲ್ಲಿ ಹೇಳಿಬಿಟ್ಟರೆ ಎಷ್ಟೋ ದಾವೆಗಳು ತಪ್ಪುತ್ತವೆ.

ಅಧಿಕಾರಿ ಕಡತದ ಕೊನೆಯಲ್ಲಿ ಸಹಿ ಹಾಕುವುದು ಮೇಲಿನದಕ್ಕೆಲ್ಲ ತಾನು ಹೊಣೆ ಎಂದು. ಸಂಖ್ಯೆಯ ಕೊನೆಯ ಅಂಕಿಗೂ ಅಷ್ಟೇ ಹೊಣೆಯಿದೆ. ಅಲ್ಲಿಯವರೆಗೆ ನಮಗೆ ಗೊತ್ತು ಎಂದು ಅದು ಓದುಗನಿಗೆ ಮಾತು ಕೊಡುತ್ತದೆ. ಹೊಸ ಜನಗಣತಿಯ ಅಂಕಿಗಳು ಬಂದು, ಅವುಗಳ ಮೇಲೆ ಇನ್ನೊಂದು ದಶಕದ ಯೋಜನೆಗಳು ಕಟ್ಟಿಕೊಳ್ಳುವ ಮುನ್ನ ನಮ್ಮ ಕಚೇರಿಗಳೂ ಪತ್ರಿಕೆಗಳೂ ಆ ಮಾತನ್ನು ಉಳಿಸಿಕೊಳ್ಳುವ ಅಭ್ಯಾಸ ಮಾಡಿಕೊಂಡರೆ ಒಳಿತು.